ತೊಣ್ಣೂರು ಕೆರೆಗೂ ಮೇಲುಕೋಟೆಯ ಕೊಳಗಳಿಗೂ ಮೈಸೂರಿನಿಂದ ಅರ್ಧ ದಿನದ ಬಸ್ ಪ್ರವಾಸ

ಬೆಟ್ಟಗಳ ನಡುವಿನ ನೀರನ್ನು ನೋಡಬೇಕಾದರೆ ಊಟಿಗೋ ಕೊಡೈಕೆನಾಲ್‌ಗೋ ಹೋಗಬೇಕೆಂಬ ಎಣಿಕೆ ಮೈಸೂರಿಗರಲ್ಲಿ ಬಹಳ ಕಾಲದಿಂದ ಇದೆ. ಆ ಎರಡು ಊರಿನ ಕೆರೆಗಳೂ ಪ್ರಕೃತಿ ತಾನಾಗಿ ಕೊಟ್ಟವಲ್ಲ. ಊಟಿಯದನ್ನು 1820ರ ದಶಕದಲ್ಲಿ ಬ್ರಿಟಿಷ್ ಅಧಿಕಾರಿ ಜಾನ್ ಸಲಿವನ್ ಕಟ್ಟಿಸಿದರೆ, ಕೊಡೈಕೆನಾಲ್‌ನದು 1863ರಲ್ಲಿ ಆದದ್ದು. ಅವಕ್ಕಿಂತ ಶತಮಾನಗಳಷ್ಟು ಹಳೆಯದಾದ, ಹಾಗೆಯೇ ಮನುಷ್ಯರು ಬೆಟ್ಟದ ಸಂದಿಗೆ ಅಡ್ಡ ಕಟ್ಟಿ ನಿಲ್ಲಿಸಿದ ಕೆರೆಯೊಂದು ಪಾಂಡವಪುರ ತಾಲ್ಲೂಕಿನ ತೊಣ್ಣೂರಿನಲ್ಲಿದೆ. ಅಲ್ಲಿಂದ ಮುಂದೆ, ಮೈಸೂರಿನಿಂದ ಲೆಕ್ಕ ಹಾಕಿದರೆ ಸುಮಾರು 50 ಕಿ.ಮೀ. ದೂರದಲ್ಲಿ, ಮೇಲುಕೋಟೆಯ ಬೆಟ್ಟದ ಮೇಲೆ ಕಲ್ಯಾಣಿಯೂ ಅಕ್ಕತಂಗಿ ಕೊಳವೂ ಇವೆ. ಬೆಳಗಿನ ಕಾಫಿ ಕುಡಿದು ಹೊರಟು ಮಧ್ಯಾಹ್ನದ ಊಟದ ಹೊತ್ತಿಗೆ ಮನೆ ಸೇರುವಷ್ಟು ಹತ್ತಿರದ ಈ ದಾರಿಯನ್ನು ಗೈಡ್ ಇರುವ ಬಸ್ಸಿನಲ್ಲಿ ಹೇಗೆ ಮಾಡಿಕೊಳ್ಳಬೇಕು ಎಂಬುದನ್ನು ಇಲ್ಲಿ ಬರೆದಿದ್ದೇನೆ.

ಮೊದಲು ಇತ್ಯರ್ಥವಾಗಬೇಕಾದ ಸಂಗತಿ, ನೀವು ಹೊರಟಿರುವುದು ಕ್ಷೇತ್ರದರ್ಶನಕ್ಕೋ ನೀರು ನೋಡುವುದಕ್ಕೋ ಎಂಬುದು. ಮೇಲುಕೋಟೆ ಎಂದೊಡನೆ ಟ್ರಾವೆಲ್ಸ್‌ನವರು ಚೆಲುವನಾರಾಯಣಸ್ವಾಮಿಯ ದೇವಸ್ಥಾನವನ್ನೂ ಬೆಟ್ಟದ ಮೇಲಿನ ಯೋಗನರಸಿಂಹನನ್ನೂ ಪಟ್ಟಿಯಲ್ಲಿ ಮೊದಲು ಬರೆಯುತ್ತಾರೆ, ಅದು ಸಹಜವೂ ಹೌದು. ಆದರೆ ಎರಡೂ ಕಡೆ ದರ್ಶನ ಮಾಡಿ, ಮೆಟ್ಟಿಲು ಹತ್ತಿ ಇಳಿದು, ಪ್ರಸಾದ ತೆಗೆದುಕೊಳ್ಳುವ ಹೊತ್ತಿಗೆ ಅರ್ಧ ದಿನ ಮುಗಿದಿರುತ್ತದೆ, ಕೊಳಗಳು ಬಸ್ಸಿನ ಕಿಟಕಿಯಿಂದ ಕಾಣುವ ದೃಶ್ಯವಾಗಿ ಉಳಿಯುತ್ತವೆ. ಒಮ್ಮೆ ನಾನು ಹೋಗಿದ್ದ ಬಸ್ಸಿನಲ್ಲಿ ಹೀಗೆಯೇ ಆಯಿತು. ತೊಣ್ಣೂರು ಕೆರೆಯ ಹೆಸರು ಚೀಟಿಯಲ್ಲಿ ಅಚ್ಚಾಗಿತ್ತಾದರೂ, ಕೆರೆಯ ಬಳಿ ಬಸ್ಸನ್ನು ಹತ್ತು ನಿಮಿಷ ನಿಲ್ಲಿಸಿ, ಯಾರೂ ಏರಿಯ, ಅಂದರೆ ಕೆರೆಯ ಒಡ್ಡಿನ, ತುದಿಯವರೆಗೆ ನಡೆಯುವ ಮೊದಲೇ ಹಾರ್ನ್ ಹೊಡೆದು ಕರೆದರು. ಅಂದಿನಿಂದ ಹಣ ಕೊಡುವ ಮೊದಲೇ ನಾಲ್ಕು ಮಾತು ಕೇಳಿಕೊಳ್ಳುವುದು ರೂಢಿಯಾಗಿದೆ: ತೊಣ್ಣೂರಿನಲ್ಲಿ ಎಷ್ಟು ಹೊತ್ತು ನಿಲ್ಲುತ್ತೀರಿ, ಬಸ್ಸು ಏರಿಯ ಹತ್ತಿರದವರೆಗೆ ಹೋಗುತ್ತದೆಯೇ, ಗೈಡ್ ಬಸ್ಸಿನಲ್ಲೇ ಬರುತ್ತಾರೋ ಮೇಲುಕೋಟೆಯಲ್ಲಿ ಸೇರಿಕೊಳ್ಳುತ್ತಾರೋ, ಅಕ್ಕತಂಗಿ ಕೊಳಕ್ಕೆ ಕರೆದೊಯ್ಯುತ್ತೀರಾ. ತೊಣ್ಣೂರಿಗೆ ಕನಿಷ್ಠ ಒಂದು ಗಂಟೆ ಕೊಡದ ಪ್ರವಾಸವನ್ನು ಒಪ್ಪಬೇಡಿರೆಂದೇ ನನ್ನ ಸಲಹೆ. ಹತ್ತು ಹನ್ನೆರಡು ಜನ ಸೇರಿದರೆ ಟಿ.ಟಿ. (ಟೆಂಪೋ ಟ್ರಾವೆಲರ್) ಅಥವಾ ಮಿನಿ ಬಸ್ಸನ್ನು ನೀವೇ ಗೊತ್ತುಮಾಡಿಕೊಂಡು, ಗೈಡ್ ಒಬ್ಬರನ್ನು ಬೇರೆಯಾಗಿ ಮಾತನಾಡಿಕೊಳ್ಳುವುದು ಇನ್ನೂ ಮೇಲು. ಹಳ್ಳಿಯ ಕಿರಿದಾದ ರಸ್ತೆಗಳಲ್ಲಿ ದೊಡ್ಡ ಬಸ್ಸಿಗಿಂತ ಚಿಕ್ಕದು ಸಲೀಸಾಗಿ ತಿರುಗುತ್ತದೆ. ಗೈಡ್ ಬಳಿ ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದೆಯೇ ಎಂದು ಕೇಳಲು ಸಂಕೋಚಪಡಬೇಕಾಗಿಲ್ಲ.

ದಿನದ ಆಯ್ಕೆಯಲ್ಲಿ ಎರಡು ವಿಷಯ ಮುಖ್ಯ. ಮಳೆಗಾಲ ಕಳೆದ ಮೇಲೆ, ಅಕ್ಟೋಬರ್‌ನಿಂದ ಜನವರಿಯವರೆಗೆ, ನೀರು ಚೆನ್ನಾಗಿರುತ್ತದೆ, ಸುತ್ತಣ ಗುಡ್ಡಗಳೂ ಹಸಿರಾಗಿರುತ್ತವೆ. ಏಪ್ರಿಲ್ ಮೇ ತಿಂಗಳಲ್ಲಿ ಹೋದರೆ ಬಂಡೆಯ ಕಾವು ಮುಖಕ್ಕೆ ಹೊಡೆಯುತ್ತದೆ. ಫಾಲ್ಗುಣದಲ್ಲಿ, ಅಂದರೆ ಮಾರ್ಚ್ ಏಪ್ರಿಲ್‌ನ ಹೊತ್ತಿಗೆ, ಮೇಲುಕೋಟೆಯಲ್ಲಿ ಚೆಲುವನಾರಾಯಣನಿಗೆ ವಜ್ರದ ಕಿರೀಟ ತೊಡಿಸುವ ವೈರಮುಡಿ ಉತ್ಸವ ನಡೆಯುವ ದಿನಗಳಲ್ಲಿ ಅಪಾರ ಜನ ಸೇರುವುದರಿಂದ ಬಸ್ಸುಗಳನ್ನು ದೂರದಲ್ಲೇ ನಿಲ್ಲಿಸುತ್ತಾರೆ. ಉತ್ಸವಕ್ಕೆಂದೇ ಹೋಗುವವರ ಮಾತು ಬೇರೆ. ಕೊಳ ನೋಡುವವರಿಗೆ ಅದು ಸರಿಯಾದ ಸಮಯವಲ್ಲ. ವಾರದ ನಡುವಿನ ದಿನ ಸಿಕ್ಕರೆ ಭಾನುವಾರವನ್ನು ಬಿಟ್ಟುಬಿಡಿ.

ಬೆಳಿಗ್ಗೆ ಆರು ಗಂಟೆಗೆ ಹೊರಡುವ ಬಸ್ಸನ್ನೇ ಆರಿಸಿಕೊಳ್ಳಬೇಕು. ಮಧ್ಯಾಹ್ನದ ಪ್ರವಾಸಗಳಲ್ಲಿ ಎರಡು ತೊಡಕುಗಳಿವೆ: ಮೇಲುಕೋಟೆಯ ದೇವಸ್ಥಾನ ನಡುಹಗಲಿನಲ್ಲಿ ಬಾಗಿಲು ಹಾಕಿ ಸಂಜೆಯೇ ಮತ್ತೆ ತೆರೆಯುತ್ತದೆ, ಕೆರೆಯ ಮೇಲೆ ಗಾಳಿ ಎದ್ದಿರುವುದರಿಂದ ನೀರಿನಲ್ಲಿ ಬಂಡೆಗಳ ನೆರಳು ಕಾಣುವುದಿಲ್ಲ. ಮೈಸೂರಿನಿಂದ ಶ್ರೀರಂಗಪಟ್ಟಣ ಹಾದು ಪಾಂಡವಪುರದ ಕಡೆಗೆ ಬಸ್ಸು ಉತ್ತರಕ್ಕೆ ಹೋಗುವುದರಿಂದ ಬೆಳಗಿನ ಬಿಸಿಲು ಬಲಗಡೆಯ ಕಿಟಕಿಗಳಿಗೆ ಬೀಳುತ್ತದೆ. ಹಿಂದಿರುಗುವಾಗ ಹೊತ್ತು ಪಶ್ಚಿಮಕ್ಕೆ ವಾಲಿದ್ದರೆ ಆಗಲೂ ಬಲಗಡೆಗೇ. ಎಡಗಡೆಯ ಸೀಟನ್ನು ಕೇಳಿ ಪಡೆಯುವುದು ಜಾಣತನ. ವಾಂತಿಯ ತೊಂದರೆ ಇರುವವರು ಮುಂದಿನ ಮೂರು ಸಾಲುಗಳೊಳಗೆ ಕೂರಬೇಕು, ಏಕೆಂದರೆ ಮೇಲುಕೋಟೆಗೆ ಹತ್ತುವ ರಸ್ತೆ ಚಿಕ್ಕದಾದರೂ ತಿರುವುಗಳಿಂದ ಕೂಡಿದೆ. ಹೊಟ್ಟೆ ತುಂಬ ತಿಂದು ಹೊರಡಬೇಡಿ. ತಿಂಡಿಯ ಮಾತು ಮುಂದೆ ಬರುತ್ತದೆ. ಶೌಚಾಲಯದ ಕೆಲಸವನ್ನು ಶ್ರೀರಂಗಪಟ್ಟಣದಲ್ಲೋ ಪಾಂಡವಪುರದಲ್ಲೋ ಮುಗಿಸಿಕೊಳ್ಳುವುದೊಳ್ಳೆಯದು, ಕೆರೆಯ ಬಳಿ ಅದನ್ನು ನಂಬಿಕೊಳ್ಳುವಂತಿಲ್ಲ.

ಶ್ರೀರಂಗಪಟ್ಟಣ ದಾಟಿದ ಮೇಲೆ ಎರಡೂ ಕಡೆ ಭತ್ತ, ಕಬ್ಬಿನ ಗದ್ದೆಗಳು ಬರುತ್ತವೆ. ಇಲ್ಲಿ ನಿದ್ದೆ ಮಾಡುವವರು ಹೆಚ್ಚು, ಆದರೆ ಗೈಡ್ ಬಾಯಿ ತೆರೆಯಬೇಕಾದದ್ದು ಇಲ್ಲಿಯೇ. ಕನ್ನಂಬಾಡಿಯಿಂದ ಬರುವ ವಿಶ್ವೇಶ್ವರಯ್ಯ ನಾಲೆಯ ನೀರಿನಿಂದ ಹಸಿರಾದ ಈ ಬಯಲನ್ನು ನೋಡಿಕೊಂಡು ಹೋದರೆ, ನಾಲೆಯಿಲ್ಲದ ಕಾಲದಲ್ಲಿ ಗುಡ್ಡದ ಮಳೆನೀರನ್ನೇ ಹಿಡಿದಿಟ್ಟು ಬದುಕಿದ ತೊಣ್ಣೂರಿನ ಮಹತ್ವ ತಾನಾಗಿ ಅರ್ಥವಾಗುತ್ತದೆ. ಹಿಂದೆ ಫ್ರೆಂಚ್ ರಾಕ್ಸ್ ಎಂದೂ ಕರೆಯಲಾಗುತ್ತಿದ್ದ ಪಾಂಡವಪುರದ ಬಳಿ ಕುಂತಿಬೆಟ್ಟದ ಬಂಡೆಗಳು ಕಾಣಿಸಿದಾಗ ಗದ್ದೆಬಯಲು ಮುಗಿದು ಕಲ್ಲಿನ ನಾಡು ಮೊದಲಾಯಿತೆಂದು ತಿಳಿಯಿರಿ. ಕುಂತಿಬೆಟ್ಟ ಹತ್ತುವ ಆಸೆಯನ್ನು ಇನ್ನೊಂದು ದಿನಕ್ಕೆ ಇಟ್ಟುಕೊಳ್ಳಬೇಕು.

ತೊಣ್ಣೂರು ಕೆರೆಯ ಬಳಿ ಇಳಿದ ಕೂಡಲೇ ನೀರಿನ ಅಂಚಿಗೆ ಓಡದೆ, ಮೊದಲು ಏರಿಯ ಮೇಲೆ ನಿಂತು ಎರಡೂ ಕಡೆಗೆ ನೋಡಬೇಕು. ಒಂದು ಕಡೆ ಬಂಡೆಗುಡ್ಡಗಳ ನಡುವೆ ಹರಡಿದ ನೀರು, ಇನ್ನೊಂದು ಕಡೆ ತಗ್ಗಿನಲ್ಲಿ ಊರು ಮತ್ತು ಕೆರೆಯ ನೀರುಣ್ಣುವ ಅಚ್ಚುಕಟ್ಟಿನ ಹೊಲಗದ್ದೆಗಳು. ಎರಡು ಕಲ್ಲುಗುಡ್ಡಗಳ ನಡುವಿನ ಸಂದಿಯೊಂದನ್ನು ಮುಚ್ಚಿದ್ದರಿಂದಲೇ ಇಷ್ಟು ನೀರು ನಿಂತಿದೆ ಎಂಬುದು ಆಗ ಕಣ್ಣಿಗೇ ಕಾಣುತ್ತದೆ. ಕೆರೆಗೆ ಏರಿ ಎಷ್ಟು ಮುಖ್ಯವೋ ತೂಬು ಮತ್ತು ಕೋಡಿಗಳೂ ಅಷ್ಟೇ ಮುಖ್ಯ: ತೂಬಿನಿಂದ ಬೇಕಾದಷ್ಟು ನೀರು ಹೊಲಕ್ಕೆ ಹೋಗುತ್ತದೆ, ಕೋಡಿಯಿಂದ ಹೆಚ್ಚಾದ ನೀರು ಏರಿಗೆ ಅಪಾಯ ಮಾಡದೆ ಹೊರಗೆ ಬೀಳುತ್ತದೆ. ಇವೆರಡನ್ನೂ ತೋರಿಸಿರೆಂದು ಗೈಡ್‌ರನ್ನು ಕೇಳಿ. ತೋರಿಸಿ ವಿವರಿಸಬಲ್ಲವರಾದರೆ ಒಳ್ಳೆಯ ಗೈಡ್ ಸಿಕ್ಕಿದ್ದಾರೆಂದು ನೆಮ್ಮದಿಯಾಗಿರಬಹುದು.

ಈ ಕೆರೆಗೆ ಹೆಸರುಗಳೂ ಹಲವು. ತೊಣ್ಣೂರು, ಅಂದಿನ ತೊಂಡನೂರು, ಹೊಯ್ಸಳರ ಕಾಲದಲ್ಲಿ ಯಾದವಪುರವೆಂದೂ ಹೆಸರಾದ ದೊಡ್ಡ ಊರು. ಹೊಯ್ಸಳರ ರಾಜಧಾನಿ ದೋರಸಮುದ್ರ ಹಾಳಾದ ಮೇಲೆ ದೊರೆ ಮೂರನೆಯ ಬಲ್ಲಾಳ ಕೆಲಕಾಲ ಬಂದು ಆಶ್ರಯ ಪಡೆದದ್ದು ಇಲ್ಲಿಯೇ. ಕೆರೆಯನ್ನು ರಾಮಾನುಜಾಚಾರ್ಯರು ಕಟ್ಟಿಸಿ ತಿರುಮಲಸಾಗರವೆಂದು ಹೆಸರಿಟ್ಟರೆಂಬುದು ಪರಂಪರೆಯ ಮಾತು. 1746ರಲ್ಲಿ ಇಲ್ಲಿಗೆ ಬಂದ ಹೈದರಾಬಾದ್ ನಿಜಾಮನ ಮಗ ನಾಸಿರ್ ಜಂಗ್, ತಿಳಿನೀರನ್ನು ಕಂಡು ಮೋತಿ ತಲಾಬ್, ಅಂದರೆ ಮುತ್ತಿನ ಕೆರೆ, ಎಂದು ಕರೆದನಂತೆ. ಆ ತಿಳಿತನ ಇಂದಿಗೂ ಬೆಳಗಿನ ಹೊತ್ತು ಕಾಣಸಿಗುತ್ತದೆ, ಮತ್ತು ಅಪಾಯವಿರುವುದೂ ಅದರಲ್ಲಿಯೇ. ತಳ ಕಾಣುವ ನೀರು ಆಳವಿಲ್ಲವೆಂಬ ಭ್ರಮೆ ಹುಟ್ಟಿಸುತ್ತದೆ. ಬಂಡೆ ಇಳಿಜಾರಾಗಿ ಹೋಗಿ ಒಮ್ಮೆಲೇ ಕಡಿದಾಗುವ ಕಡೆ ಪಾಚಿಯ ಮೇಲೆ ಕಾಲು ಜಾರಿದರೆ ಹಿಡಿದುಕೊಳ್ಳಲು ಏನೂ ಇರುವುದಿಲ್ಲ. ಈಜು ಬಲ್ಲವರೂ ಇಲ್ಲಿ ಪ್ರಾಣ ಕಳೆದುಕೊಂಡಿದ್ದಾರೆ. ಮಕ್ಕಳನ್ನು ಕೈಹಿಡಿದುಕೊಂಡಿರಿ, ನೀರಿಗೆ ಇಳಿಯುವ ಮಾತನ್ನು ಬಸ್ಸಿನಲ್ಲೇ ಬಿಟ್ಟು ಬನ್ನಿ. ಸಮಯ ಮಿಕ್ಕಿದರೆ ಊರೊಳಗಿನ ನಂಬಿನಾರಾಯಣ ದೇವಾಲಯಕ್ಕೆ ಹೋಗಿಬರಬಹುದು.

ಅಲ್ಲಿಂದ ಜಕ್ಕನಹಳ್ಳಿಯ ಮೇಲೆ ಮೇಲುಕೋಟೆಗೆ ಹೋಗುವಾಗ, ಬೆಟ್ಟದ ಮೇಲೆ ಇಷ್ಟೊಂದು ಕೊಳಗಳಿಗೆ ನೀರು ಎಲ್ಲಿಂದ ಬಂತೆಂಬ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಳ್ಳುವುದು ಒಳ್ಳೆಯದು. ಗಟ್ಟಿ ಬಂಡೆ ಮಳೆಯನ್ನು ಕುಡಿಯುವುದಿಲ್ಲ. ಬಿದ್ದ ನೀರು ಇಳಿದು ಬಂಡೆಯ ತಗ್ಗುಗಳಲ್ಲಿ ದೊಣೆಗಳಾಗಿ ನಿಲ್ಲುತ್ತದೆ, ಬಿರುಕುಗಳಲ್ಲಿ ಜಿನುಗಿ ಕೆಳಗೆ ಕಾಣಿಸಿಕೊಳ್ಳುತ್ತದೆ. ಹಿಂದಿನವರು ಆ ಜಾಗಗಳನ್ನು ಗುರುತಿಸಿ, ಅಗೆದು, ಕಲ್ಲು ಕಟ್ಟಿದ್ದಾರೆ. ಏರಿ ಕಟ್ಟಿ ನಿಲ್ಲಿಸಿದ್ದು ಕೆರೆ, ತಗ್ಗಿನಲ್ಲಿ ನಿಂತದ್ದನ್ನು ಅಥವಾ ಅಗೆದು ಪಡೆದದ್ದನ್ನು ಕೊಳ, ನಾಲ್ಕೂ ಕಡೆ ಮೆಟ್ಟಿಲು ಇಳಿಸಿ ದೇವರ ಕಾರ್ಯಕ್ಕೆ ಸಲ್ಲಿಸಿದ್ದನ್ನು ಕಲ್ಯಾಣಿ ಎನ್ನುವುದು ವಾಡಿಕೆ. ಒಂದೇ ಬೆಳಿಗ್ಗೆ ಮೂರನ್ನೂ ನೋಡಬಹುದೆಂಬುದೇ ಈ ಪ್ರವಾಸದ ವಿಶೇಷ.

ಕಲ್ಯಾಣಿಯನ್ನು ಎರಡು ಸಲ ನೋಡಬೇಕು. ಮೊದಲು ಕೆಳಗೆ ಮೆಟ್ಟಿಲುಗಳ ಮೇಲೆ ಕುಳಿತು, ಸುತ್ತಣ ಕಲ್ಲುಮಂಟಪಗಳ ಕಂಬಗಳು ನೀರಿನಲ್ಲಿ ತಲೆಕೆಳಗಾಗಿ ನಿಂತಿರುವುದನ್ನು ನೋಡಬೇಕು. ಆಮೇಲೆ ಯೋಗನರಸಿಂಹನ ಬೆಟ್ಟದ ಮೆಟ್ಟಿಲುಗಳನ್ನು ಕಾಲು ಭಾಗದಷ್ಟು ಹತ್ತಿ ಹಿಂದಿರುಗಿ ನೋಡಿದರೆ ಇಡೀ ಚೌಕ ಒಂದೇ ನೋಟಕ್ಕೆ ಸಿಗುತ್ತದೆ. ಮಂಡಿನೋವಿನ ಹಿರಿಯರು ಜೊತೆಗಿದ್ದರೆ ಅವರನ್ನು ಕೆಳಗಿನ ಮಂಟಪದ ನೆರಳಿನಲ್ಲೇ ಕೂರಿಸಿ ಹೋಗಿ. ನೋಟದ ಮಟ್ಟಿಗೆ ಅವರಿಗೇನೂ ನಷ್ಟವಿಲ್ಲ. ಚಪ್ಪಲಿಯನ್ನು ಬಸ್ಸಿನಲ್ಲೇ ಬಿಟ್ಟು ಬರುವವರು ಹಳೆಯ ಕಾಲುಚೀಲವೊಂದನ್ನು ಚೀಲದಲ್ಲಿಟ್ಟುಕೊಂಡರೆ ಹನ್ನೊಂದು ಗಂಟೆಯ ಕಲ್ಲಿನ ಬಿಸಿಗೆ ಕುಣಿಯಬೇಕಾಗುವುದಿಲ್ಲ. ಇಲ್ಲಿಯ ಕೋತಿಗಳಿಗೆ ಪ್ಲಾಸ್ಟಿಕ್ ಚೀಲದ ಸದ್ದು ಚೆನ್ನಾಗಿ ಗೊತ್ತು. ಕೈಯಲ್ಲಿ ಬಾಳೆಹಣ್ಣು, ಕೊಬ್ಬರಿ ಕಾಣುವಂತೆ ಹಿಡಿದು ಹೋಗಬೇಡಿ, ಕನ್ನಡಕ ಜೋಪಾನ.

ಅಕ್ಕತಂಗಿ ಕೊಳ ಪ್ರವಾಸಿಗರು ತಪ್ಪಿಸಿಕೊಳ್ಳುವ ಜಾಗ, ನನಗೆ ಮಾತ್ರ ಕಲ್ಯಾಣಿಗಿಂತ ಪ್ರಿಯವಾದದ್ದು. ಅಕ್ಕಪಕ್ಕದಲ್ಲಿರುವ ಎರಡು ಕೊಳಗಳನ್ನು ಸೋದರಿಯರಿಬ್ಬರು ಕಟ್ಟಿಸಿದರೆಂದೂ, ಒಂದರ ನೀರು ಕುಡಿಯಲು ಬಂದರೆ ಇನ್ನೊಂದರದು ಬರಲಿಲ್ಲವೆಂದೂ ಕಥೆಯಿದೆ. ತಪ್ಪು ಅಕ್ಕನದೋ ತಂಗಿಯದೋ ಎಂಬುದು ಹೇಳುವವರ ಮೇಲೆ ಹೋಗುತ್ತದೆ. ನಿಮ್ಮ ಗೈಡ್ ಮನೆಗೆ ಹಿರಿಯರೋ ಕಿರಿಯರೋ ಎಂಬುದನ್ನು ಅದರಿಂದಲೇ ಊಹಿಸಬಹುದು. ಕಥೆ ಏನೇ ಇರಲಿ, ಕುಡಿಯುವ ನೀರನ್ನು ಮನೆಯಿಂದಲೇ ತನ್ನಿ. ಹತ್ತಿರದಲ್ಲೇ ಅರ್ಧಕ್ಕೆ ನಿಂತ ರಾಯಗೋಪುರದ ಎತ್ತರದ ಕಂಬಗಳಿರುವುದರಿಂದ ಎರಡನ್ನೂ ಒಟ್ಟಿಗೆ ನೋಡಿ ಮುಗಿಸಬಹುದು. ಅಷ್ಟತೀರ್ಥಗಳನ್ನೆಲ್ಲ ತೋರಿಸುತ್ತೇವೆಂದು ಯಾರಾದರೂ ಹೇಳಿದರೆ ಒಪ್ಪಿಕೊಳ್ಳಬೇಡಿ. ಅವು ಬೆಟ್ಟದ ಸುತ್ತ ಚದುರಿರುವ ತೀರ್ಥಗಳು, ಅರ್ಧ ದಿನದ ಬಸ್ಸಿಗೆ ಎಟುಕುವಂಥವಲ್ಲ.

ತಿಂಡಿಗೆ ಮೇಲುಕೋಟೆಯ ಪುಳಿಯೋಗರೆ, ಸಕ್ಕರೆ ಪೊಂಗಲ್ ಇರುವಾಗ ಬೇರೆ ಯೋಚನೆ ಬೇಡ. ಹತ್ತು ಗಂಟೆಯೊಳಗೆ ತಿಂದರೆ ಅನ್ನ ಉದುರುದುರಾಗಿ, ಗೊಜ್ಜಿನ ಘಮ ಆರದೆ ಇರುತ್ತದೆ; ಚಿಲ್ಲರೆ ಹಣ ಕೈಯಲ್ಲಿರಲಿ. ಮನೆಗೆ ಗೊಜ್ಜು ಕೊಳ್ಳುವವರು ಬಸ್ಸು ಹೊರಡುವ ಹೊತ್ತಿಗೆ ಅಂಗಡಿಗೆ ನುಗ್ಗಿ ಉಳಿದವರನ್ನು ಕಾಯಿಸದೆ, ತಿಂಡಿಯ ಜೊತೆಯಲ್ಲೇ ಆ ಕೆಲಸ ಮುಗಿಸಬೇಕು.

ಹನ್ನೊಂದೂವರೆಗೆ ಮೇಲುಕೋಟೆ ಬಿಟ್ಟರೆ ಒಂದು ಗಂಟೆಯ ಆಸುಪಾಸಿನಲ್ಲಿ ಮೈಸೂರು ಸೇರಬಹುದು. ಗೈಡ್ ಮತ್ತು ಡ್ರೈವರ್‌ಗೆ ಕೊಡಬೇಕೆಂದಿರುವ ಹಣವನ್ನು ಎಲ್ಲರೂ ಸೇರಿಸಿ ಶ್ರೀರಂಗಪಟ್ಟಣ ಬರುವ ಮೊದಲೇ ಒಬ್ಬರ ಕೈಗೆ ಕೊಟ್ಟಿಡಿ. ನಗರ ಹೊಕ್ಕ ಮೇಲೆ ಒಬ್ಬೊಬ್ಬರೂ ಅವರವರ ಬಡಾವಣೆಯ ಹತ್ತಿರ ಇಳಿದು ಹೋಗುತ್ತಾರೆ, ಕೊನೆಯ ನಿಲ್ದಾಣಕ್ಕೆ ಬರುವ ಹೊತ್ತಿಗೆ ಬಸ್ಸಿನಲ್ಲಿ ನಾಲ್ಕೇ ಜನ ಇರುತ್ತಾರೆ.