ಮಾತಾಡದ ಕಾಲ್: ಶಿಡ್ಲಘಟ್ಟದಿಂದ ದುಬೈಗೆ, ನನ್ನ ಅನುಭವ

ಯಜಮಾನರು ದುಬೈನಲ್ಲಿ, ನಾನು ಇಲ್ಲಿ ಶಿಡ್ಲಘಟ್ಟದಲ್ಲಿ ರೇಷ್ಮೆ ಹುಳು ಸಾಕುತ್ತೇನೆ. ಗಂಡ ಹೊರದೇಶದಲ್ಲಿರುವ ಹೆಂಗಸರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ರಾತ್ರಿ ಫೋನ್ ಬರುತ್ತೆ. "ಊಟ ಆಯ್ತಾ?" "ಆಯ್ತು." "ಇನ್ನೇನು?" ಆ "ಇನ್ನೇನು" ಇದೆಯಲ್ಲ, ನಮ್ಮ ಜಗಳವೆಲ್ಲ ಅಲ್ಲಿಂದಲೇ ಶುರುವಾಗುತ್ತಿತ್ತು. ಏನೂ ಇಲ್ಲ ಅಂದರೆ ಯಜಮಾನರಿಗೆ ಬೇಜಾರು, ಅವರು ಸುಮ್ಮನಾದರೆ ನನಗೆ ಅಳು.

ಎರಡು ವರ್ಷ ಹೀಗೇ ಹೋಯ್ತು. ಒಂದು ಸಲ ರಾತ್ರಿ ಒಂದು ಗಂಟೆವರೆಗೆ ಜಗಳ. ಹುಳು ನಾಲ್ಕನೇ ಜ್ವರದಲ್ಲಿತ್ತು, ಅಂದರೆ ತಿನ್ನೋದು ನಿಲ್ಲಿಸಿ ಪೊರೆ ಬಿಡುವ ಹೊತ್ತು. ಅದೇ ಗುಂಗಿನಲ್ಲಿ ಮಾರನೇ ದಿನ ಹುಳುವಿನ ಮೇಲೆ ಸುಣ್ಣದ ಪುಡಿ ಹೊಡೆಯಲಿಲ್ಲ, ಜ್ವರ ಎದ್ದಮೇಲೆ ರೋಗ ತಡೆಯುವ ಹಾಸಿಗೆ ಪುಡಿಯೂ ಹಾಕಲಿಲ್ಲ. ಹುಳುವಿಗೆ ಹಾಲುತೊಂಡೆ ರೋಗ ಬಂತು. 150 ಮೊಟ್ಟೆಗೆ (ಒಂದು ಚಿಟ್ಟೆ ಇಟ್ಟದ್ದೆಲ್ಲ ಸೇರಿ ನಮ್ಮಲ್ಲಿ ಒಂದು ಮೊಟ್ಟೆ ಲೆಕ್ಕ) ನೂರು ಕೆಜಿ ಗೂಡು ಬರಬೇಕಿತ್ತು, ನಲವತ್ತೂ ಬರಲಿಲ್ಲ. ಹತ್ತಿರ ಹತ್ತಿರ 25 ಸಾವಿರ ಹೋಯ್ತು. ಅವರಿಗೆ ಹೇಳಲೂ ಇಲ್ಲ.

ಆಮೇಲೆ ಏನೇನೋ ಮಾಡಿ ನೋಡಿದೆ. ರಾತ್ರಿಯಿಡೀ ಕಾಲ್ ಹಾಗೇ ಇಟ್ಟು ಮಲಗಿದೆವು. ಅವರ ರೂಮಿನಲ್ಲಿ ಆರು ಜನ, ಎರಡೇ ದಿನಕ್ಕೆ ನಿಂತಿತು. ಮಗಳು ಮಗ್ಗಿ ಒಪ್ಪಿಸುವುದನ್ನು ರೆಕಾರ್ಡ್ ಮಾಡಿ ಕಳಿಸಿದೆ. ಅದು ಈಗಲೂ ನಡೀತಿದೆ, 13ರ ಮಗ್ಗಿಗೆ ಬಂದಿದ್ದಾಳೆ.

ಕೊನೆಗೆ ಕೈಹಿಡಿದದ್ದು ಇದು: ಕಾಲ್ ಮಾಡೋದು, ಮಾತಾಡದೆ ಇರೋದು. ನಮ್ಮ ರಾತ್ರಿ ಹತ್ತು ಅಂದರೆ ಅಲ್ಲಿ ಎಂಟೂವರೆ. ನಾನು ಹುಳುವಿಗೆ ಸೊಪ್ಪು ಹಾಕುತ್ತೇನೆ, ಅವರು ಅಡುಗೆ ಮಾಡುತ್ತಾರೆ. ಮಾತು ಬಂದರೆ ಬಂತು. ಒಂದೇ ಕರಾರು, "ಇನ್ನೇನು" ಅನ್ನಬಾರದು. ಜೂನ್ 15ರಿಂದ ಸೆಪ್ಟೆಂಬರ್ 15ರವರೆಗೆ ಅಲ್ಲಿ ಬಿಸಿಲಲ್ಲಿ ಕೆಲಸ ಮಾಡೋರಿಗೆ ಮಧ್ಯಾಹ್ನ 12.30ರಿಂದ 3ರವರೆಗೆ ಬಿಡುವು ಕೊಡಲೇಬೇಕು, ಕಾನೂನಿದೆ. ಅದು ಶುರುವಾಗೋದು ಸರಿಯಾಗಿ ನಮ್ಮ ಮಧ್ಯಾಹ್ನ ಎರಡು ಗಂಟೆಗೆ, ಸೊಪ್ಪು ಹಾಕುವ ಹೊತ್ತು, ಹಾಗಾಗಿ ಆ ಮೂರು ತಿಂಗಳು ದಿನಕ್ಕೆ ಎರಡು ಸಲ.

"ಮಾತಾಡದ ಫೋನಿಗೆ ದುಡ್ಡು ದಂಡ ಅಲ್ವಾ" ಅಂದರು ಅತ್ತೆ. ಅಲ್ಲಿ ವಾಟ್ಸಾಪ್ ಕಾಲ್ ಹೋಗಲ್ಲ, ಬೇರೆ ಆ್ಯಪ್‌ಗೆ ತಿಂಗಳಿಗೆ 50 ದಿರಹಂ, ನಮ್ಮ ಸಾವಿರದ ಮೇಲೆ. ಖರ್ಚೇ, ಇಲ್ಲ ಅನ್ನಲ್ಲ. ಆದರೆ 14 ತಿಂಗಳಾಯ್ತು, ದೊಡ್ಡ ಜಗಳ ಒಂದೂ ಇಲ್ಲ. ಹೋದ ಬೆಳೆ 100 ಮೊಟ್ಟೆಗೆ 75 ಕೆಜಿ ಹತ್ತಿರ ಬಂತು, ನಮ್ಮ ಬೀದಿಯಲ್ಲಿ ಅಷ್ಟು ಯಾರಿಗೂ ಬರಲಿಲ್ಲ. ಸಿಟ್ಟು ಬಂದ ದಿನಕ್ಕೆ ಇನ್ನೊಂದು ಉಪಾಯ ಇದೆ, ಅದನ್ನು ಹೇಳಲ್ಲ, ಅದು ನಮ್ಮಿಬ್ಬರದು.

ಜ್ವರ ಎದ್ದ ಹುಳು ಸೊಪ್ಪು ತಿನ್ನುವ ಸದ್ದು ಗೊತ್ತಲ್ಲ, ಸೋನೆ ಮಳೆ ಥರ. ಹುಳು ಹಣ್ಣಾದರೆ, ಅಂದರೆ ಗೂಡು ಕಟ್ಟೋ ಹೊತ್ತಾದರೆ, ತಿನ್ನೋದು ನಿಲ್ಲಿಸುತ್ತೆ. ಅವರು ಹುಟ್ಟಿ ಬೆಳೆದದ್ದೇ ಆ ಸದ್ದಿನಲ್ಲಿ. ಕಳೆದ ವಾರ ಇಬ್ಬರೂ ಹತ್ತು ನಿಮಿಷ ಸುಮ್ಮನಿದ್ದೆವು. ಆ ಕಡೆ ಒಗ್ಗರಣೆ ಚಟಪಟ ಅಂತಿತ್ತು. ಅವರೇ ಅಂದರು, "ಸದ್ದು ಕಮ್ಮಿ ಆಗಿದೆಯಲ್ಲೇ, ಹಣ್ಣಾಗ್ತಿದೆ ಅನ್ಸುತ್ತೆ. ಗೂಡು ಕಟ್ಟೋಕೆ ಚಂದ್ರಿಕೆ ತಂದಿಟ್ಕೊ." ಟಾರ್ಚ್ ಬಿಟ್ಟು ನೋಡಿದೆ. ಮೂಲೆಯಲ್ಲಿ ನಾಲ್ಕೈದು ಹುಳು ಹಳದಿಗೆ ತಿರುಗಿ ತಲೆ ಎತ್ತಿದ್ದವು.