ಒಂದು ರೂಪಾಯಿ ಎಂಟ್ರಿ ಹಿಡಿದು ಮಾವನ ಖಾತೆಯ ಸೋರಿಕೆ ನಿಲ್ಲಿಸಿದ್ದು

ನಾನು ಲೆಕ್ಕ ಬರೆಯೋಳು. ದಾವಣಗೆರೆಯ ಚೌಕಿಪೇಟೆ, ಮಂಡಿಪೇಟೆಯ ಏಳೆಂಟು ಅಂಗಡಿಗಳ ಟ್ಯಾಲಿ, ಜಿಎಸ್‌ಟಿ ಎಲ್ಲಾ ನನ್ನ ಕೈಯಲ್ಲೇ ಇದೆ. ಊರವರ ಲೆಕ್ಕದಲ್ಲಿ ಎಂಟಾಣೆ ತಾಳೆ ಆಗದಿದ್ರೂ ಮನೆಗೆ ಹೋಗಲ್ಲ ಅಂತ ಹೆಸರು ಮಾಡಿದವಳು. ಅಂಥವಳ ಮನೇಲೇ, ಮಾವನ ಪಿಂಚಣಿ ಖಾತೆಯಿಂದ ವರ್ಷದ ಹತ್ತಿರ ದುಡ್ಡು ಸೋರಿದೆ, ನನಗೆ ಸುಳಿವೇ ಇಲ್ಲ.

ಗೊತ್ತಾಗಿದ್ದು ಅವರ ಬಡ್ಡಿ ಲೆಕ್ಕಕ್ಕೆ ಅಂತ ಸ್ಟೇಟ್‌ಮೆಂಟ್ ತೆಗೆಸಿದಾಗ. ತಿಂಗಳಿಗೊಂದು 199. ಇನ್ನೊಂದು ಕಡೆ 149. ಮೂರು ತಿಂಗಳಿಗೊಮ್ಮೆ 499. 149ರ ಎದುರು ಬರೀ ಗೂಗಲ್ ಪ್ಲೇ, ಮಿಕ್ಕ ಎರಡು ಹೆಸರು ಕೇಳಿದ್ದೇ ಅಲ್ಲ, ಯಾವುದೋ 'ಟೆಕ್ನಾಲಜೀಸ್ ಪ್ರೈವೇಟ್'.

"ಮಾವ, ಇದೇನಿದು 199?"

"ಕರೆಂಟ್ ಬಿಲ್ ಇರಬೇಕು ನೋಡವ್ವಾ."

ಗೃಹಜ್ಯೋತಿ ಬಂದ ಮೇಲೆ ನಮ್ಮ ಮನೆ ಬಿಲ್ಲು ಸೊನ್ನೆ. ಮೇಷ್ಟ್ರಾಗಿ ರಿಟೈರ್ ಆದವರು, ಪೇಪರಿನ ಮೊದಲ ಸಾಲಿಂದ ಕೊನೇ ಸಾಲಿನವರೆಗೂ ಓದೋರು, ಬ್ಯಾಂಕಿನ ಎಸ್ಸೆಮ್ಮೆಸ್ ಮಾತ್ರ ಒಂದೂ ತೆರೆದಿಲ್ಲ. ಆರುನೂರು ಚಿಲ್ಲರೆ ಮೆಸೇಜು ಹಾಗೇ ಬಿದ್ದಿದ್ದವು.

ಮೊದಲು ಕೆಟ್ಟಿದ್ದು ಹೇಳ್ತೀನಿ, ದುಡ್ಡು ಹೋಗಿದ್ದು ಅಲ್ಲೇ.

ಬ್ಯಾಂಕಿಗೆ ಹೋದೆ. ಕೌಂಟರಿನವರು ಸ್ಟೇಟ್‌ಮೆಂಟ್ ನೋಡೋಕೂ ಮುಂಚೆ "ಫ್ರಾಡ್ ಮೇಡಂ, ಕಾರ್ಡ್ ಬ್ಲಾಕ್ ಮಾಡ್ಸಿ" ಅಂದ್ರು. ಮಾಡಿಸಿದೆ. ಹೊಸ ಕಾರ್ಡಿಗೆ 236 ಹೋಯ್ತು. ಮುಂದಿನ ತಿಂಗಳು ಅದೇ ತಾರೀಖಿಗೆ 199 ಮತ್ತೆ ಕಟ್! ಯುಪಿಐ ಆಟೋಪೇ, ಅಂದ್ರೆ ಒಮ್ಮೆ ಒಪ್ಪಿಗೆ ಕೊಟ್ರೆ ಪ್ರತಿ ಸಲ ತಾನೇ ಕಟ್ ಆಗೋ ವ್ಯವಸ್ಥೆ, ನಿಂತಿರೋದು ಖಾತೆ ಮೇಲೆ, ಕಾರ್ಡಿಗೂ ಅದಕ್ಕೂ ಸಂಬಂಧವೇ ಇಲ್ಲ. ಇದು ನನಗೂ ಹೊಳೀಲಿಲ್ಲ, ಅವರೂ ಹೇಳಲಿಲ್ಲ.

ಸಿಟ್ಟಿಗೆ ಮಾವನ ಫೋನಿನಲ್ಲಿದ್ದ ಹಾಳೂಮೂಳು ಆ್ಯಪ್ ಎಲ್ಲಾ ಅನ್‌ಇನ್‌ಸ್ಟಾಲ್ ಮಾಡಿದೆ. ಇದು ಶುದ್ಧ ದಡ್ಡತನ. ಆ್ಯಪ್ ತೆಗೆದ್ರೆ ಚಂದಾ ನಿಲ್ಲಲ್ಲ, ಕಳ್ಳನ ಗುರುತು ಅಳಿಸಿದ ಹಾಗೆ ಆಯ್ತು ಅಷ್ಟೇ.

ಮೂರನೇದು ನನ್ನ ಸ್ವಂತ ಬುದ್ಧಿ. ಕಟ್ ಆಗೋ ಹಿಂದಿನ ರಾತ್ರಿ ಖಾತೆ ಖಾಲಿ ಮಾಡಿ ದುಡ್ಡೆಲ್ಲಾ ನನ್ನ ಖಾತೆಗೆ ಹಾಕ್ಕೊಂಡೆ. 199 ಅವತ್ತು ಹೋಗಲಿಲ್ಲ, ನಿಜ. ಆದ್ರೆ ಅದೇ ದಿನ ಮಾವನ ಆರೋಗ್ಯ ವಿಮೆ ಕಂತು ಬಂದು ಬೌನ್ಸ್ ಆಯ್ತು. ದಂಡ 250, ಮೇಲೆ ಜಿಎಸ್‌ಟಿ, 295 ಆಯ್ತು. ಎರಡು ದಿನ ಬಿಟ್ಟು ದುಡ್ಡು ವಾಪಸ್ ಹಾಕಿದೆ, ಕಾಯ್ತಾ ಇದ್ದ ಹಾಗೆ 199 ಕೂಡ ಬಂದು ಎತ್ಕೊಂಡು ಹೋಯ್ತು. ಮನೆಯವರು "199ಕ್ಕೆ ಇಷ್ಟೊಂದು ಒದ್ದಾಡ್ತೀಯಲ್ಲ, ಖಾತೆನೇ ಕ್ಲೋಸ್ ಮಾಡ್ಸು" ಅಂದ್ರು. ಪಿಂಚಣಿ ಬರೋ ಖಾತೆ, ಕ್ಲೋಸ್ ಮಾಡಿ ಖಜಾನೆಗೆ ಅಲೆಯೋರು ಯಾರು?

ಆಮೇಲೆ ಕೂತು ಯೋಚನೆ ಮಾಡಿದೆ. ನಾವು ಅಂಗಡಿ ಲೆಕ್ಕದಲ್ಲಿ ವ್ಯತ್ಯಾಸ ಬಂದ್ರೆ ದೊಡ್ಡ ಮೊತ್ತದ ಹಿಂದೆ ಹೋಗಲ್ಲ, ಅದು ಶುರುವಾದ ದಿನದ ಹಿಂದೆ ಹೋಗ್ತೀವಿ. ಇಲ್ಲೂ ಅದನ್ನೇ ಮಾಡಿದೆ. 18 ತಿಂಗಳ ಸ್ಟೇಟ್‌ಮೆಂಟ್ ಪಿಡಿಎಫ್ ಇಳಿಸಿ ಎಕ್ಸೆಲ್‌ಗೆ ಹಾಕಿ, ಡೆಬಿಟ್ ಕಾಲಂನಲ್ಲಿ ಹತ್ತು ರೂಪಾಯಿಗಿಂತ ಕಮ್ಮಿ ಇರೋದನ್ನ ಮಾತ್ರ ಫಿಲ್ಟರ್ ಮಾಡಿದೆ. ಪಾಸ್‌ಬುಕ್ ನಂಬಬೇಡಿ, ಅದರಲ್ಲಿ ಹೆಸರು ಅರ್ಧಕ್ಕೇ ಕತ್ತರಿಸಿ ಹೋಗಿರುತ್ತೆ.

ಒಂದು ರೂಪಾಯಿಗೆ ದಾವಣಗೆರೇಲಿ ಈಗ ಒಂದು ಹಿಡಿ ಮಂಡಕ್ಕಿನೂ ಕೊಡಲ್ಲ. ಹಾಗಾದ್ರೆ ಸ್ಟೇಟ್‌ಮೆಂಟಲ್ಲಿ ಒಂದು ರೂಪಾಯಿ ಯಾಕೆ ಇರುತ್ತೆ? ಒಂಬತ್ತು ಎಂಟ್ರಿ ಸಿಕ್ತು. ಏಳು ನಮ್ಮ ಮಂದಿ ನಂಬರ್ ಸರಿ ಇದೆಯಾ ಅಂತ ನೋಡೋಕೆ ಮಾವನ ಹತ್ರ ಹಾಕಿಸ್ಕೊಂಡಿದ್ದು. ಉಳಿದ ಎರಡರಲ್ಲಿ ಒಂದರ ಯುಪಿಐ ಐಡಿ 199ರ ಐಡಿಗೆ ಅಕ್ಷರ ಬಿಡದೆ ಹೊಂದಿತು, ಇನ್ನೊಂದು 499ಕ್ಕೆ. ಒಂದರಲ್ಲಿ ಮೂರು ದಿನದ ನಂತರ ದೊಡ್ಡ ಕಟ್, ಇನ್ನೊಂದರಲ್ಲಿ ಏಳು ದಿನ. ಅಂದ್ರೆ ಟ್ರಯಲ್. ಪಿನ್ ಒತ್ತಿರೋದು ಆ ಒಂದು ರೂಪಾಯಿಗೆ ಮಾತ್ರ. ಆಮೇಲೆ 15,000 ಒಳಗಿನ ಮೊತ್ತಕ್ಕೆ ಪಿನ್ ಕೇಳೋ ಹಾಗೇ ಇಲ್ಲ.

ತಾರೀಖು ಸಿಕ್ಕ ಮೇಲೆ ಮಿಕ್ಕಿದ್ದು ಸಲೀಸು. ಆ ದಿನದ ಆಚೆ ಈಚೆ ಜಿಮೇಲ್‌ನಲ್ಲಿ ಬಂದ ಸ್ವಾಗತದ ಮೇಲ್ ನೋಡಿದೆ. ಪ್ಲೇ ಸ್ಟೋರಲ್ಲಿ ಈ ಹಿಂದೆ ಹಾಕಿ ತೆಗೆದ ಆ್ಯಪ್‌ಗಳ ಪಟ್ಟಿ ಉಳಿದಿರುತ್ತೆ, ನನ್ನ ಅನ್‌ಇನ್‌ಸ್ಟಾಲ್ ಪಾಪವನ್ನ ತೊಳೆದಿದ್ದು ಅದೇ. ಕಂಪನಿ ಹೆಸರಿಂದ ಆ್ಯಪ್ ಹುಡುಕೋಕೆ, ಆ ಹೆಸರಿನ ಜೊತೆ 'ಪ್ರೈವಸಿ ಪಾಲಿಸಿ' ಅಂತ ಸೇರಿಸಿ ಗೂಗಲ್ ಮಾಡಿ. ಆ್ಯಪ್ ಹೆಸರು ಏನೇ ಇಟ್ಕೊಂಡಿರಲಿ, ಆ ಪುಟದಲ್ಲಿ ಕಂಪನಿಯ ನಿಜವಾದ ಹೆಸರು ಬರೆದಿರ್ತಾರೆ.

199 ಏನು ಗೊತ್ತಾ? ಎರಡೆರಡು ನಿಮಿಷದ ಧಾರಾವಾಹಿ ತೋರಿಸೋ ಆ್ಯಪ್. ಸೊಸೆ ಮಾವನನ್ನ ಮನೆಯಿಂದ ಹೊರಗೆ ಹಾಕೋ ಕಥೆ, ಮುಂದಿನ ಭಾಗ ನೋಡೋಕೆ ಒಂದು ರೂಪಾಯಿ. ಒತ್ತಿದ್ದಾರೆ. ಹನ್ನೊಂದು ತಿಂಗಳಿಗೆ 2,189 ಆಗಿದೆ.

"ಆ ಮಾವನಿಗೆ ಕೊನೆಗೆ ಏನಾಯ್ತು?" ಅಂತ ಕೇಳಿದೆ.

"ಗೊತ್ತಿಲ್ಲವ್ವಾ. ಆಮೇಲೆ ನೋಡೋದೇ ಮರೆತೆ."

199ರ ಆಟೋಪೇ ಮಾವ ದಿನಾ ಬಳಸೋ ಯುಪಿಐ ಆ್ಯಪ್‌ನಲ್ಲೇ ಸಿಕ್ತು, ರದ್ದು ಮಾಡಿದೆ. 499 ಜಾತಕದ ಆ್ಯಪ್, ಅದು ಅಲ್ಲಿ ಇರಲಿಲ್ಲ. ಎರಡು ದಿನ ತಲೆ ಕೆಟ್ಟಿತು. ಕೊನೆಗೆ, ಕಟ್ ಆಗೋಕೆ 24 ಗಂಟೆ ಮೊದಲು ಬರೋ ಎಸ್ಸೆಮ್ಮೆಸ್ ಹುಡುಕಿದೆ. ಅದರಲ್ಲಿದ್ದ ಮ್ಯಾಂಡೇಟ್ ನಂಬರಿನ (ಆಟೋಪೇ ಒಪ್ಪಿಗೆಯ ಗುರುತಿನ ನಂಬರ್) ಬಾಲದಲ್ಲಿ '@ಓಕೆಆ್ಯಕ್ಸಿಸ್' ಅಂತ ಇತ್ತು. '@ವೈಬಿಎಲ್' ಇದ್ರೆ ಫೋನ್‌ಪೇ, '@ಓಕೆ' ಅಂತ ಶುರುವಾದ್ರೆ ಗೂಗಲ್ ಪೇ. ಯಾವ ಆ್ಯಪ್‌ನಿಂದ ಒಪ್ಪಿಗೆ ಕೊಟ್ಟಿದ್ರೋ ಆಗ ಅಲ್ಲೇ ಹುಡುಕಬೇಕಿತ್ತು. ಅಲ್ಮಾರದಲ್ಲಿ ಬಿದ್ದಿದ್ದ ಹಳೇ ಫೋನಲ್ಲಿ ಮಾವ ಆಗ ಗೂಗಲ್ ಪೇ ಬಳಸ್ತಿದ್ರಂತೆ. ಅದೇ ನಂಬರಿಗೆ ಹೊಸ ಫೋನಲ್ಲಿ ಹಾಕಿ ನೋಡಿದ್ರೆ ಜಾತಕ ಅಲ್ಲಿ ಆರಾಮಾಗಿ ಕೂತಿದೆ. 2040ರ ಆಚೆವರೆಗೂ ಅವಧಿ! ಮಾವನ ಜಾತಕದಲ್ಲೂ ಅಷ್ಟು ಆಯಸ್ಸು ಬರೆದಿದ್ರೆ ಸಂತೋಷ.

149ಕ್ಕೆ ಒಂದು ರೂಪಾಯಿ ಎಂಟ್ರಿ ಇರಲೇ ಇಲ್ಲ. ಅಲ್ಲಿ ಬರೀ ಗೂಗಲ್ ಪ್ಲೇ ಅಂತ ಇತ್ತು. ಅಂಥದ್ದಕ್ಕೆ ಪ್ಲೇ ಸ್ಟೋರಿನ ಚಂದಾ ಪಟ್ಟಿಗೇ ಹೋಗಬೇಕು. ಮಾವನ ಜಿಮೇಲಲ್ಲಿ ಏನೂ ಇರಲಿಲ್ಲ. ಅದೇ ಫೋನಲ್ಲಿ ನನ್ನ ಮಗನ ಜಿಮೇಲ್ ಕೂಡ ಇತ್ತು, ಅದರಲ್ಲಿ ಸಿಕ್ತು. ಹೋಂವರ್ಕ್ ಸ್ಕ್ಯಾನ್ ಮಾಡೋ ಆ್ಯಪ್. ಒಂಬತ್ತು ತಿಂಗಳು. ಅವನಿಗೆ ಬೈದಿದ್ದರ ವಿವರ ಇಲ್ಲಿ ಬೇಡ.

ಮೂರೂ ಸೇರಿ ಐದೂವರೆ ಸಾವಿರ ಹೋಗಿತ್ತು. ವಾಪಸ್ ಬರಲ್ಲ ಅಂತ ಎಲ್ಲರೂ ಅಂದ್ರು, ನನ್ನ ಪರಿಚಯದ ಸಿಎ ಕೂಡ. ಒಂದು ವಿಷಯದಲ್ಲಿ ಅವರು ಹೇಳಿದ್ದು ಸರಿ. ಮೂರು ಕೆಲಸದ ದಿನದೊಳಗೆ ಹೇಳಿದ್ರೆ ಗ್ರಾಹಕನಿಗೆ ಹೊಣೆ ಇಲ್ಲ ಅನ್ನೋ 2017ರ ಆರ್‌ಬಿಐ ನಿಯಮ ನಮ್ಮ ಒಪ್ಪಿಗೆ ಇಲ್ಲದೆ ಹೋದ ದುಡ್ಡಿಗೆ. ಇಲ್ಲಿ ಪಿನ್ ಒತ್ತಿದ್ದು ಮಾವನೇ. ಫ್ರಾಡ್ ಅಂತ ಸುಳ್ಳು ಬರೆದು ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಫೋನ್ ಮಾಡಿದ್ರೆ ಕೇಸು ಮುಗ್ಗರಿಸೋದು ಅಲ್ಲೇ. ನಾನು ಬ್ಯಾಂಕ್ ಬಿಟ್ಟು ಆ್ಯಪ್‌ನವರಿಗೇ ಬರೆದೆ. 30 ನವೆಂಬರ್ 2023ರಂದು ಕೇಂದ್ರದ ಗ್ರಾಹಕ ರಕ್ಷಣಾ ಪ್ರಾಧಿಕಾರ ಡಾರ್ಕ್ ಪ್ಯಾಟರ್ನ್ (ಗ್ರಾಹಕರನ್ನ ಯಾಮಾರಿಸೋ ವಿನ್ಯಾಸ) ಬಗ್ಗೆ ಮಾರ್ಗಸೂಚಿ ತಂದಿದೆ. ಅದರಲ್ಲಿ 13 ಕುತಂತ್ರಗಳ ಪಟ್ಟಿ ಇದೆ, 'ಸಬ್‌ಸ್ಕ್ರಿಪ್ಷನ್ ಟ್ರ್ಯಾಪ್' ಅದರಲ್ಲಿ ಒಂದು. ಹಾಕೋ ಬಟನ್ ದೊಡ್ಡದು, ರದ್ದು ಮಾಡೋ ದಾರಿ ಎಲ್ಲೋ ಮೂಲೇಲಿ, ಇದನ್ನ ಸ್ಕ್ರೀನ್‌ಶಾಟ್ ಸಮೇತ ಹಾಕಿದೆ. ಮೇಲ್‌ನ ಕೊನೇ ಎರಡು ಸಾಲು ಮಾತ್ರ ಇಲ್ಲಿ ಕೊಡಲ್ಲ. ನೂರು ಜನ ಅದೇ ಸಾಲು ಕಳಿಸಿದ್ರೆ ಅದರ ಮೊನಚು ಹೋಗುತ್ತೆ. ಬೇಕಾದವರು ನನ್ನ ಹತ್ರ ಬಂದು ಕೇಳಿ.

ಧಾರಾವಾಹಿಯವರು ಎರಡು ತಿಂಗಳದ್ದು 398 ಕೊಟ್ರು, ಜಾಸ್ತಿ ಮಾತಾಡಲಿಲ್ಲ. ಜಾತಕದವರು ಮೊದಲು ಒಂದು ಕಂತು ಕೊಟ್ರು, ಗ್ರಾಹಕರ ಸಹಾಯವಾಣಿ 1915ಕ್ಕೆ ದೂರು ಹೋದ ಮೇಲೆ ಇನ್ನೆರಡು. ಸ್ಕ್ಯಾನರ್‌ದು ಕೊನೇ ಕಟ್ ಆಗಿ ಒಂದೇ ದಿನ ಆಗಿತ್ತು. ಪ್ಲೇ ಸ್ಟೋರಲ್ಲಿ 48 ಗಂಟೆ ಒಳಗೆ ಕೇಳಿದ್ರೆ ಚಾನ್ಸ್ ಇರುತ್ತೆ, 149 ಬಂತು. ಒಟ್ಟು ಎರಡು ಸಾವಿರದ ನಲವತ್ತು ಚಿಲ್ಲರೆ. ಅದರಲ್ಲಿ ನನ್ನ ಬುದ್ಧಿವಂತಿಕೆಯ 236, 295 ಕಳೀರಿ.

ಇದರ ಮಧ್ಯೆ ನನ್ನ ಫೋನಲ್ಲೇ ಒಂದು ಪ್ರಯೋಗ ಮಾಡಿದೆ. ಬೇಕಂತಲೇ ಒಂದು ರೂಪಾಯಿ ಟ್ರಯಲ್ ತಗೊಂಡು ಎರಡೇ ನಿಮಿಷಕ್ಕೆ ಆಟೋಪೇ ರದ್ದು ಮಾಡಿದೆ. ಏಳು ದಿನ ಟ್ರಯಲ್ ನಿಲ್ಲದೆ ನಡೀತು. ಇನ್ನೊಂದರಲ್ಲಿ ರದ್ದು ಮಾಡದೆ 'ಪಾಜ್' (ಸದ್ಯಕ್ಕೆ ನಿಲ್ಲಿಸು) ಒತ್ತಿದೆ, ಗಡುವು ಮುಗಿದ ಕೂಡ್ಲೆ ಅದು ತಾನೇ ಎದ್ದು ಕೂತಿತು. ಪಾಜ್ ಸಹವಾಸ ಬೇಡ.

ಹುರುಪು ಜಾಸ್ತಿಯಾಗಿ ಮಂಡಿಪೇಟೆಯ ಒಬ್ಬ ಸಾಹುಕಾರರ ಸ್ಟೇಟ್‌ಮೆಂಟನ್ನೂ ಜರಡಿ ಹಿಡಿದೆ. ಎರಡು ಜಿಮೇಲ್‌ಗೆ ಎರಡು ಸಲ 130 ರೂಪಾಯಿ ಸ್ಟೋರೇಜ್ ಕಟ್ತಿದ್ರು. ಅದು ಬಿಟ್ಟು ಅವರು ಕಿರುಚಾಡಿದ್ದು 436 ಮತ್ತೆ 20ಕ್ಕೆ. "ಇದನ್ನ ಮೊದ್ಲು ತೆಗೀರಿ ಮೇಡಂ, ಯಾವನೋ ವರ್ಷಾ ತಿಂತಾ ಅವ್ನೆ!" ಅದು ಜೀವನ ಜ್ಯೋತಿ, ಸುರಕ್ಷಾ ವಿಮೆ ಕಂತು, ತಲಾ ಎರಡು ಲಕ್ಷದ ಕವರ್. ತೆಗೆಯೋಕೆ ಕೈ ಹಾಕಿದವರನ್ನ ತಡೆಯೋಕೇ ಅರ್ಧ ಗಂಟೆ ಹೋಯ್ತು.

ಮೊನ್ನೆ ಅದೇ ಬ್ಯಾಂಕಿನ ಕೌಂಟರಿನವರು ಒಬ್ಬ ಅಜ್ಜಿಗೆ ನನ್ನ ವಿಳಾಸ ಬರೆದು ಕಳಿಸಿದ್ದಾರೆ. 'ಕಾರ್ಡ್ ಬ್ಲಾಕ್ ಮಾಡ್ಸಿ' ಅಂದವರೇ! ಅಜ್ಜಿ ಸೆರಗಿಂದ ಫೋನ್ ತೆಗೆದುಕೊಟ್ಟು "ತಿಂಗ್ಳಾ 299 ತಿಂತೈತಮ್ಮ" ಅಂದ್ರು. ಸ್ಟೇಟ್‌ಮೆಂಟ್ ಇಳಿಸಿ ಫಿಲ್ಟರ್ ಹಾಕಿದೆ. ಒಂದು ರೂಪಾಯಿ ಎಂಟ್ರಿ ಒಂದೂ ಇಲ್ಲ. ಐದು ರೂಪಾಯಿದು ಒಂದಿತ್ತು, ಐಡಿ 299ರದ್ದೇ.