ಒಂದೇ ಊರು, ಒಂದೇ ದಿನ: ಇನುಯಾಮಾಕ್ಕೆ ನಾನು ಊರಿನವರನ್ನು ಕರೆದುಕೊಂಡು ಹೋಗುವ ಬಗೆ

ನಾನಿರುವುದು ಜಪಾನಿನ ನಗೋಯಾದಲ್ಲಿ. ಬಿಡದಿಯಲ್ಲಿ ಟೊಯೊಟಾ ಕಾರ್ಖಾನೆ ಇದೆಯಲ್ಲ, ಆ ಕಂಪನಿಯ ಮೂಲ ಊರು ಇಲ್ಲೇ ಹತ್ತಿರ, ಹಾಗಾಗಿ ಕೆಲಸಕ್ಕೆ, ತರಬೇತಿಗೆ ಅಂತ ಈ ಕಡೆ ಬರುವ ಕನ್ನಡದವರಿದ್ದಾರೆ. ಅವರು ಸ್ವಲ್ಪ ನೆಲೆಯಾದ ಮೇಲೆ ಊರಿಂದ ಅಪ್ಪ ಅಮ್ಮ, ಅತ್ತೆ ಮಾವ ಬರುತ್ತಾರೆ. ಮಕ್ಕಳಿಗೆ ರಜೆ ಸಿಗುವುದಿಲ್ಲ. "ಅಕ್ಕಾ, ಒಂದು ದಿನ ಅಮ್ಮನಿಗೆ ಜಪಾನ್ ಅಂದ್ರೆ ಏನು ಅಂತ ತೋರಿಸ್ತೀರಾ?" ಎಂದು ಒಬ್ಬಳು ಕೇಳಿದಳು. ಹಾಗೆ ಶುರುವಾಯಿತು. 2018ರಲ್ಲಿ ಇಲ್ಲಿನ ಕಾನೂನು ಬದಲಾಗಿ, ಸರ್ಕಾರಿ ಪರವಾನಗಿ ಇಲ್ಲದವರೂ ಹಣ ಪಡೆದು ಗೈಡ್ ಆಗಿ ಕೆಲಸ ಮಾಡಬಹುದು ಎಂದಾಯಿತು. ಈಗ ನಾನು ಸಣ್ಣ ಮೊತ್ತ ತೆಗೆದುಕೊಳ್ಳುತ್ತೇನೆ. ಒಂದು ಸಲಕ್ಕೆ ಐದು ಜನ, ಅದಕ್ಕಿಂತ ಜಾಸ್ತಿ ಇಲ್ಲ.

ಮೊದಲ ಸಲ ನಾನು ತಪ್ಪು ಮಾಡಿದೆ. ಬೆಳಿಗ್ಗೆ ನಗೋಯಾ ಕೋಟೆ, ಆಮೇಲೆ ಅತ್ಸುತಾ ಗುಡಿ, ಮಧ್ಯಾಹ್ನ ಇನುಯಾಮಾ. ಎಲ್ಲವನ್ನೂ ಒಂದೇ ದಿನಕ್ಕೆ ತುರುಕಿದೆ. ಆ ಅಮ್ಮನಿಗೆ ನೆನಪು ಉಳಿದದ್ದು ಮೆಟ್ರೋ ಮೆಟ್ಟಿಲು ಮಾತ್ರ. ನಗೋಯಾ ಕೋಟೆಯ ಮುಖ್ಯ ಗೋಪುರ 1945ರ ಬಾಂಬ್ ದಾಳಿಯಲ್ಲಿ ಸುಟ್ಟುಹೋಗಿ, 1959ರಲ್ಲಿ ಕಾಂಕ್ರೀಟಿನಲ್ಲಿ ಎದ್ದು ನಿಂತದ್ದು. 2018ರಿಂದ ಅದರೊಳಗೆ ಪ್ರವೇಶವೂ ಇಲ್ಲ. ಹೊರಗಿಂದ ಫೋಟೋ ತೆಗೆದುಕೊಂಡು ಬಂದೆವು. ಅವತ್ತು ರಾತ್ರಿಯೇ ತೀರ್ಮಾನ ಮಾಡಿದೆ. ಇನ್ನು ಮೇಲೆ ಒಂದೇ ಊರು, ಕಾಲ್ನಡಿಗೆ, ಅದೂ ಇಳಿಜಾರಿನ ದಿಕ್ಕಿನಲ್ಲಿ.

ಇನುಯಾಮಾ ಅದಕ್ಕೆ ಹೇಳಿ ಮಾಡಿಸಿದ ಊರು. ನಗೋಯಾದಿಂದ ಮೇಯ್ತೆತ್ಸು ರೈಲಿನಲ್ಲಿ ಸುಮಾರು ಅರ್ಧ ಗಂಟೆ. ಎಲ್ಲರೂ ಇನುಯಾಮಾ ನಿಲ್ದಾಣದಲ್ಲಿ ಇಳಿಯುತ್ತಾರೆ. ನಾನು ಅದರ ಮುಂದಿನ ಇನುಯಾಮಾ-ಯೂಎನ್‌ನಲ್ಲಿ ಇಳಿಸುತ್ತೇನೆ. ಅಲ್ಲಿಂದ ಕಿಸೊ ನದಿಯ ದಂಡೆ ಹಿಡಿದು ಕಾಲು ಗಂಟೆ ನಡೆದರೆ, ನೀರಿನ ಮೇಲೆ ಎದ್ದ ಬಂಡೆಗುಡ್ಡದ ನೆತ್ತಿಯಲ್ಲಿ ಕೋಟೆ ಕಾಣುತ್ತದೆ. ಕೋಟೆಯನ್ನು ಮೊದಲು ಕೆಳಗಿನಿಂದ ನೋಡಬೇಕು. ಅದು ಯಾಕೆ ಅಲ್ಲೇ ಇದೆ ಎಂದು ಆಗ ವಿವರಿಸುವ ಅಗತ್ಯವೇ ಬರುವುದಿಲ್ಲ. ಬೆಳಿಗ್ಗೆ ಒಂಬತ್ತಕ್ಕೆ ಬಾಗಿಲು ತೆಗೆಯುತ್ತಾರೆ. ಆ ಹೊತ್ತಿಗೆ ನಾವು ಬಾಗಿಲಲ್ಲಿ ಇರಬೇಕು. ಹನ್ನೊಂದಾದರೆ ಒಳಗಿನ ಮೆಟ್ಟಿಲಿಗೇ ಸಾಲು ನಿಲ್ಲಬೇಕಾಗುತ್ತದೆ.

ಒಳಗೆ ಹೋಗುವಾಗ ಚಪ್ಪಲಿ, ಶೂ ಬಿಚ್ಚಿ ಚೀಲದಲ್ಲಿ ಹಾಕಿಕೊಂಡು ಕೈಯಲ್ಲೇ ಹಿಡಿದು ಹತ್ತಬೇಕು. ಮೆಟ್ಟಿಲೋ, ನಮ್ಮ ಹಳೆ ಮನೆಗಳ ಅಟ್ಟದ ಏಣಿಯಷ್ಟೇ ಕಡಿದು. ಎರಡೂ ಕೈ ಬೇಕು. ಹಾಗಾಗಿ ನಾನು ಉದ್ದ ಹಿಡಿಯ ಬಟ್ಟೆ ಚೀಲಗಳನ್ನು ತಂದಿರುತ್ತೇನೆ. ಶೂ ಅದರೊಳಗೆ, ಚೀಲ ಹೆಗಲಿಗೆ. ಸೀರೆ ಉಟ್ಟವರಿಗೆ ನೆರಿಗೆ ಎತ್ತಿ ಸಿಕ್ಕಿಸಿಕೊಳ್ಳಲು ಮೊದಲೇ ಹೇಳುತ್ತೇನೆ. ಚಳಿಗಾಲದಲ್ಲಿ ಮರದ ನೆಲ ಐಸಿನ ಹಾಗಿರುತ್ತದೆ, ದಪ್ಪ ಸಾಕ್ಸ್ ಬೇಕೇ ಬೇಕು. ಮಂಡಿ ನೋವಿದ್ದವರನ್ನು ಒತ್ತಾಯ ಮಾಡುವುದಿಲ್ಲ. ಅಂಗಳದಲ್ಲಿ ಕೂತರೂ ನೋಡಲು ಬೇಕಾದಷ್ಟಿದೆ.

ಕೋಟೆಯ ಕತೆಯನ್ನು ನಾನು ಚಿಕ್ಕದಾಗಿ ಹೇಳುತ್ತೇನೆ. 1537ರಲ್ಲಿ, ಮುಂದೆ ಜಪಾನಿನ ದೊಡ್ಡ ದಂಡನಾಯಕನಾದ ಓದಾ ನೊಬುನಾಗಾನ ಚಿಕ್ಕಪ್ಪ ನೊಬುಯಾಸು ಇಲ್ಲಿ ಕೋಟೆ ಹಾಕಿದ. ಈಗ ಕಾಣುವ ಗೋಪುರದ ಮರ 1585ರಿಂದ 1590ರ ನಡುವಿನದು ಎಂದು 2021ರಲ್ಲಿ ಮರದ ಬಳೆಗಳ ಪರೀಕ್ಷೆಯಿಂದ ಗೊತ್ತಾಯಿತು. ಜಪಾನಿನಲ್ಲಿ ಹಳೆಯ ಗೋಪುರ ಹಾಗೇ ಉಳಿದ ಕೋಟೆಗಳು ಹನ್ನೆರಡೇ. ಅದರಲ್ಲಿ ರಾಷ್ಟ್ರೀಯ ಸಂಪತ್ತು ಎನಿಸಿಕೊಂಡವು ಐದು, ಅದರಲ್ಲೊಂದು ಇದು. ನಮ್ಮವರು ಕಣ್ಣರಳಿಸುವುದು ಮಾತ್ರ ಬೇರೆ ವಿಷಯಕ್ಕೆ. ಈ ಕೋಟೆ 2004ರವರೆಗೂ ಒಂದು ಮನೆತನದ ಸ್ವಂತ ಆಸ್ತಿ. 1617ರಿಂದ ಇಲ್ಲಿ ನರುಸೆ ಮನೆತನದ ಆಳ್ವಿಕೆ. ಮೇಯ್‌ಜಿ ಚಕ್ರವರ್ತಿಯ ಕಾಲದಲ್ಲಿ (1868ರ ನಂತರ) ಸರ್ಕಾರ ಕೋಟೆಯನ್ನು ತೆಗೆದುಕೊಂಡಿತು. 1891ರ ದೊಡ್ಡ ಭೂಕಂಪದಲ್ಲಿ ಅದಕ್ಕೆ ಪೆಟ್ಟು ಬಿತ್ತು. "ರಿಪೇರಿ ಮಾಡಿಸಿಕೊಳ್ಳುವುದಾದರೆ ನಿಮಗೇ ಇರಲಿ" ಎಂಬ ಷರತ್ತಿನ ಮೇಲೆ 1895ರಲ್ಲಿ ಅದನ್ನು ಮನೆತನಕ್ಕೇ ಮರಳಿಸಿದರು. ಊರಿನವರೂ ದುಡ್ಡು ಕೂಡಿಸಿದರು. ಆ ಮನೆಯ ಯಜಮಾನರ ಚಿತ್ರಗಳು ಮೇಲಿನ ಅಂತಸ್ತಿನಲ್ಲಿ ಸಾಲಾಗಿವೆ.

ಆ ಮೇಲಿನ ಅಂತಸ್ತಿನ ಸುತ್ತ ಒಂದು ಜಗಲಿ ಇದೆ. ಕಟಾಂಜನ ತುಂಬಾ ಗಿಡ್ಡ, ತಲೆ ತಿರುಗುವವರು ಒಳಗೇ ಇರುವುದು ಒಳ್ಳೆಯದು. ಹೊರಗೆ ಬಂದರೆ ಕೆಳಗೆ ಕಿಸೊ ನದಿ, ದೂರದಲ್ಲಿ ಗಿಫು ಕೋಟೆಯ ಬೆಟ್ಟ, ಇನ್ನೊಂದು ಕಡೆ ಕೊಮಾಕಿ ಗುಡ್ಡ. 1584ರಲ್ಲಿ ಇಬ್ಬರು ದೊಡ್ಡ ದಂಡನಾಯಕರು ಎದುರಾದರು: ಹಿದೆಯೋಶಿಯ ಸೈನ್ಯ ಇಲ್ಲಿ, ತೊಕುಗಾವಾ ಇಯೆಯಾಸುವಿನ ಸೈನ್ಯ ಆ ಗುಡ್ಡದಲ್ಲಿ. ಯುದ್ಧದ ಬಗ್ಗೆ ಅಷ್ಟೇ ಸಾಕು. ನಾನು ತೋರಿಸುವುದು ಮಾಡಿನ ಮೇಲಿನ ಹೆಂಚುಗಳನ್ನು. ಅಲ್ಲಿ ಪೀಚ್ ಹಣ್ಣಿನ ಆಕಾರದ ಹೆಂಚುಗಳಿವೆ. ಕೆಟ್ಟದ್ದು ಹತ್ತಿರ ಬಾರದಿರಲಿ ಎಂದು ಇಟ್ಟದ್ದು. "ಅಯ್ಯೋ, ನಮ್ಮ ದೃಷ್ಟಿ ಬೊಂಬೆ, ನಿಂಬೆಹಣ್ಣು ಇದ್ದ ಹಾಗೆ!" ಎಂದು ಯಾರಾದರೊಬ್ಬರು ಹೇಳಿಯೇ ಹೇಳುತ್ತಾರೆ.

ಕೆಳಗಿಳಿದ ಮೇಲೆ ಗೋಪುರದ ಪಕ್ಕದಲ್ಲಿ ಒಂದು ಒಣಗಿದ ಮರದ ಬೊಡ್ಡೆ ಸಿಗುತ್ತದೆ. ಎಲ್ಲರೂ ಅದನ್ನು ದಾಟಿ ಹೋಗಿಬಿಡುತ್ತಾರೆ. ನಾನು ಅಲ್ಲೇ ನಿಲ್ಲಿಸುತ್ತೇನೆ. ಅದು ದೊಡ್ಡ ಸುಗಿ (ಜಪಾನಿ ದೇವದಾರು) ಮರ, ಹೆಸರು ಓಸುಗಿ-ಸಾಮಾ. 'ಸಾಮಾ' ಅಂದರೆ ನಮ್ಮ 'ಅವರು' ಅನ್ನುವುದಕ್ಕಿಂತಲೂ ಹೆಚ್ಚಿನ ಮರ್ಯಾದೆ. ಸಿಡಿಲು, ಗಾಳಿ ಬಂದಾಗ ಕೋಟೆಯ ಬದಲು ಏಟು ತಿಂದ ಮರ ಎಂದು ಊರಿನವರ ನಂಬಿಕೆ. ಸತ್ತ ಮೇಲೂ ಅದನ್ನು ಕಡಿಯಲಿಲ್ಲ. ಹುಲ್ಲಿನ ಹಗ್ಗ ಸುತ್ತಿ ದೇವರಾಗಿ ಇಟ್ಟುಕೊಂಡಿದ್ದಾರೆ. 2017ರ ಜುಲೈನಲ್ಲಿ ಸಿಡಿಲು ಗೋಪುರಕ್ಕೇ ಬಡಿದು, ತುದಿಯ ಮೀನಿನಾಕಾರದ ಶಾಚಿಹೊಕೊ ಒಡೆಯಿತು. ಇದನ್ನು ಹೇಳಿ ಮುಗಿಸುವಷ್ಟರಲ್ಲಿ ನಮ್ಮ ಗುಂಪಿನ ಹಿರಿಯರು ಆ ಬೊಡ್ಡೆಗೆ ಕೈ ಮುಗಿದಿರುತ್ತಾರೆ. ನಾನು ಹೇಳಿಕೊಟ್ಟದ್ದಲ್ಲ.

ಗುಡಿಗಳ ಮಾತಿಗೆ ಬರುತ್ತೇನೆ. ಕೋಟೆ ಗುಡ್ಡದ ಬುಡದಲ್ಲೇ ಎರಡು ಗುಡಿಗಳಿವೆ. ಮೊದಲನೆಯದು ಹರಿತ್ಸುನಾ. ಇದರ ಕತೆ ನನಗೆ ತುಂಬಾ ಹತ್ತಿರ. ಈ ಊರದೇವರು ಮೊದಲು ಇದ್ದದ್ದು ಗುಡ್ಡದ ಮೇಲೆಯೇ. ಕೋಟೆ ಕಟ್ಟಲು ಜಾಗ ಬೇಕಾದಾಗ ದೇವರನ್ನು ಅಲ್ಲಿಂದ ಎಬ್ಬಿಸಿ ಬೇರೆ ಕಡೆ ಇಟ್ಟರು. ಕೋಟೆಯ ದರ್ಬಾರು ಮುಗಿದ ಮೇಲೆ, 1882ರಲ್ಲಿ, ದೇವರು ಮತ್ತೆ ಗುಡ್ಡದ ಬುಡಕ್ಕೆ ಬಂತು. ಹತ್ತಿರ ಹತ್ತಿರ ಮುನ್ನೂರೈವತ್ತು ವರ್ಷ ಊರಿನವರು ಬಿಟ್ಟುಕೊಡಲಿಲ್ಲ. ಅಣೆಕಟ್ಟಿಗೆಂದು ಊರುದೇವರನ್ನು ಎತ್ತಿಕೊಂಡು ಹೊರಟ ಮಲೆನಾಡಿನವರಿಗೆ ಈ ಮಾತು ತಟ್ಟನೆ ಮುಟ್ಟುತ್ತದೆ. ಶರಾವತಿ ಕಡೆಯ ಒಬ್ಬ ಅಜ್ಜಿ ಇದನ್ನು ಕೇಳಿ ಬಹಳ ಹೊತ್ತು ಮಾತಾಡಲಿಲ್ಲ.

ಇದೇ ದೇವರ ಜಾತ್ರೆ ಏಪ್ರಿಲ್ ಮೊದಲ ವಾರಾಂತ್ಯದಲ್ಲಿ. ಮೂರು ಅಂತಸ್ತಿನ ಹದಿಮೂರು ತೇರುಗಳು, ಮೇಲೆ ಕುಣಿಯುವ ಯಂತ್ರದ ಬೊಂಬೆಗಳು. ರಾತ್ರಿ ಒಂದೊಂದು ತೇರಿಗೂ 365 ಲಾಟೀನು. 2016ರಲ್ಲಿ ಯುನೆಸ್ಕೋ ಪಟ್ಟಿಗೆ ಸೇರಿದ 33 ತೇರು ಹಬ್ಬಗಳಲ್ಲಿ ಇದೂ ಒಂದು. ಮೂಲೆಯಲ್ಲಿ ತೇರನ್ನು ಜನ ಎತ್ತಿ ತಿರುಗಿಸುವುದಕ್ಕೆ 'ದೊಂದೆನ್' ಎನ್ನುತ್ತಾರೆ. ಬೇರೆ ದಿನಗಳಲ್ಲಿ ಹೋದರೆ ದೊಂದೆನ್‌ಕಾನ್ ಎಂಬ ಕಟ್ಟಡದಲ್ಲಿ ನಾಲ್ಕು ತೇರು ನೋಡಬಹುದು. ಜಾತ್ರೆಯ ದಿನ ಹಿರಿಯರನ್ನು ಕರೆದುಕೊಂಡು ಹೋಗಲು ನನಗೆ ಧೈರ್ಯವಿಲ್ಲ, ಅಷ್ಟು ನೂಕುನುಗ್ಗಲು.

ಪಕ್ಕದಲ್ಲೇ ಸಾಂಕೊ ಇನಾರಿ. ಸಾಲು ಕೆಂಪು ತೋರಿಗಳು (ಗುಡಿಯ ಬಾಗಿಲ ಕಮಾನುಗಳು), ಗುಲಾಬಿ ಬಣ್ಣದ ಹೃದಯದಾಕಾರದ ಹರಕೆ ಹಲಗೆಗಳು. ಹುಡುಗ ಹುಡುಗಿಯರು ಫೋಟೋಗೆ ಸಾಲು ನಿಂತಿರುತ್ತಾರೆ. ಇನಾರಿ ಅಂದರೆ ಅಕ್ಕಿ, ಬೆಳೆ ಕೊಡುವ ದೇವರು, ನರಿ ಅದರ ದೂತ. ಇಲ್ಲಿ ನಾಣ್ಯ ತೊಳೆಯುವ ನೀರಿನ ಜಾಗವೂ ಇದೆ. ತೊಳೆದ ದುಡ್ಡು ಬೆಳೆಯುತ್ತದೆ ಎಂದು ನಂಬಿಕೆ. ನಡೆದುಕೊಳ್ಳುವ ರೀತಿಯನ್ನು ಇಲ್ಲೇ ಮಾಡಿ ತೋರಿಸುತ್ತೇನೆ. ತೋರಿಯ ಮುಂದೆ ತಲೆಬಾಗಿ, ದಾರಿಯ ಬದಿಯಲ್ಲಿ ನಡೆಯುವುದು, ನಡುವಿನ ದಾರಿ ದೇವರದು. ಸೌಟಿನ ನೀರಲ್ಲಿ ಎಡಗೈ, ಬಲಗೈ, ಆಮೇಲೆ ಎಡ ಅಂಗೈಯಲ್ಲಿ ನೀರು ಹಿಡಿದು ಬಾಯಿ. ಸೌಟಿಗೆ ಬಾಯಿ ತಾಗಿಸಬಾರದು. ದೇವರ ಮುಂದೆ ಎರಡು ಸಲ ಬಾಗಿ, ಎರಡು ಚಪ್ಪಾಳೆ, ಇನ್ನೊಮ್ಮೆ ಬಾಗುವುದು. ಎಲ್ಲರ ಕೈಗೂ ಒಂದೊಂದು ಐದು ಯೆನ್ ನಾಣ್ಯ ಕೊಡುತ್ತೇನೆ. ಐದು ಯೆನ್ ಅಂದರೆ 'ಗೊ-ಎನ್', ಋಣಾನುಬಂಧ ಎನ್ನುವ ಪದವೂ ಹಾಗೇ ಕೇಳುತ್ತದೆ. ಆ ನಾಣ್ಯದ ಮೇಲೆ ಭತ್ತದ ತೆನೆ ಇದೆ. ಮಂಡ್ಯದ ಕಡೆಯವರು ಅದನ್ನು ನೋಡಿದರೆ ಹುಂಡಿಗೆ ಹಾಕದೆ ಜೇಬಿಗೆ ಇಟ್ಟುಕೊಳ್ಳುತ್ತಾರೆ. ಹಾಗಾಗಿ ಅವರಿಗೆ ಎರಡೆರಡು ಕೊಡುತ್ತೇನೆ.

ಇನ್ನು ಊಟ. ನಾನು ಹೆಚ್ಚು ಕಲಿತದ್ದು ಇದರಲ್ಲೇ, ನೋವಾದದ್ದೂ ಇದರಲ್ಲೇ. ರಾಮನಗರದ ಒಬ್ಬ ನಿವೃತ್ತ ಮೇಷ್ಟ್ರು ಬಂದಿದ್ದರು. ಹುಟ್ಟಿದಾಗಿನಿಂದ ಸಸ್ಯಾಹಾರಿ. ಒಂದು ಅಂಗಡಿಯಲ್ಲಿ ನಾನು "ಮಾಂಸ ಬೇಡ, ಮೀನು ಬೇಡ" ಎಂದು ಹೇಳಿದೆ, ಅಂಗಡಿಯವರೂ ಸರಿ ಎಂದರು. ಮೇಷ್ಟ್ರು ಮಿಸೊ (ಸೋಯಾ ಕಾಳು ಹುಳಿ ಬರಿಸಿ ಮಾಡಿದ ಮುದ್ದೆ) ಸಾರು ಕುಡಿದು "ಚೆನ್ನಾಗಿದೆಯಮ್ಮ" ಎಂದರು. ನನಗೆ ಯಾಕೋ ಅನುಮಾನ. ಮತ್ತೆ ಹೋಗಿ ಕೇಳಿದೆ. ಸಾರಿಗೆ ದಾಶಿ ಹಾಕಿದ್ದರು. ದಾಶಿ ಅಂದರೆ ಸಾಮಾನ್ಯವಾಗಿ ಒಣಗಿಸಿದ ಕತ್ಸುವೊ ಮೀನಿನ ಚೂರು ಕುದಿಸಿದ ನೀರು. ಅಂಗಡಿಯವರು ಸುಳ್ಳು ಹೇಳಲಿಲ್ಲ. ಇಲ್ಲಿ ದಾಶಿಯನ್ನು ಯಾರೂ ಮೀನು ಎಂದು ಎಣಿಸುವುದಿಲ್ಲ. ಕೇಳಬೇಕಾದ ರೀತಿಯಲ್ಲಿ ಕೇಳದಿದ್ದವಳು ನಾನು. ಸುಮ್ನೆ ಇದ್ದುಬಿಡಬಹುದಿತ್ತು, ಆಗಲಿಲ್ಲ. ಹೇಳಿದೆ. ಮೇಷ್ಟ್ರು ಬಟ್ಟಲನ್ನು ಪಕ್ಕಕ್ಕಿಟ್ಟು, ನೀರು ಕುಡಿದು, "ಗೊತ್ತಾದ ತಕ್ಷಣ ಹೇಳಿದೆಯಲ್ಲ, ಬಿಡು" ಎಂದರು. ಅವತ್ತು ರಾತ್ರಿ ನನಗೆ ನಿದ್ದೆ ಬರಲಿಲ್ಲ.

ಈಗ ಒಂದು ಕಾರ್ಡ್ ಮಾಡಿಸಿದ್ದೇನೆ. 'ಸಸ್ಯಾಹಾರಿ' ಎಂಬ ಒಂದು ಪದವನ್ನು ನಂಬುವುದಿಲ್ಲ. ಮಾಂಸ, ಮೀನು, ಸಿಗಡಿ, ಮೀನಿನ ದಾಶಿ, ಮೇಲೆ ಉದುರಿಸುವ ಮೀನಿನ ಚೂರು, ಹೀಗೆ ಒಂದೊಂದನ್ನೂ ಜಪಾನಿ ಭಾಷೆಯಲ್ಲಿ ಬರೆದಿದ್ದೇನೆ. ಎರಡು ದಿನ ಮೊದಲೇ ಅಂಗಡಿಗೆ ಫೋನ್ ಮಾಡುತ್ತೇನೆ. ಹೋದ ಮೇಲೆ ಇನ್ನೊಮ್ಮೆ ಕೇಳುತ್ತೇನೆ. ಅವರು ತಡವರಿಸಿದರೆ ಅಲ್ಲಿ ಊಟ ಇಲ್ಲ.

ಗುಡಿಗಳಿಂದ ಇನುಯಾಮಾ ನಿಲ್ದಾಣದ ಕಡೆಗೆ ಇಳಿಯುವ ಹಳೆ ಪೇಟೆ ಬೀದಿಯಲ್ಲಿ ನಮ್ಮವರಿಗೆ ಹೊಂದುವ ಎರಡು ತಿಂಡಿಗಳಿವೆ. ಒಂದು ದೆಂಗಾಕು. ಬಿದಿರು ಕಡ್ಡಿಗೆ ತೋಫು ಚುಚ್ಚಿ, ಕಪ್ಪು ಕೆಂಪು ಮಿಸೊ ಹಚ್ಚಿ ಸುಡುತ್ತಾರೆ. ಇನ್ನೊಂದು ಗೊಹೆಯ್ ಮೋಚಿ. ಬೆಂದ ಅನ್ನವನ್ನು ಅರೆಬರೆ ಕುಟ್ಟಿ ಉಂಡೆ ಮಾಡಿ, ಕಡ್ಡಿಗೆ ಸಿಕ್ಕಿಸಿ, ಮಿಸೊ ಅಥವಾ ಸೋಯಾ ಸಾಸ್, ಸಕ್ಕರೆ, ಅಕ್ರೋಟು, ಎಳ್ಳು ಸೇರಿದ ಗೊಜ್ಜು ಬಳಿದು ಸುಟ್ಟದ್ದು. ಆ ಸುಟ್ಟ ವಾಸನೆ ಬೀದಿಯ ತುಂಬ. ಗೊಜ್ಜಿಗೂ ದಾಶಿ ಬೆರೆಸುವುದುಂಟು, ಕಾರ್ಡ್ ತೋರಿಸಿಯೇ ಕೊಳ್ಳುತ್ತೇನೆ. ತಿನ್ನುತ್ತಾ ನಡೆಯುವುದು ಬೇಡ. ಅಂಗಡಿ ಮುಂದಿನ ಬೆಂಚಿನಲ್ಲಿ ಕೂತು ತಿಂದು, ಕಡ್ಡಿಯನ್ನು ಅಂಗಡಿಗೇ ವಾಪಸ್ ಕೊಡುತ್ತೇವೆ. ಮೀನು ತಿನ್ನುವವರಿಗೆ ಉಪ್ಪು ಹಚ್ಚಿ ಸುಟ್ಟ ಆಯು ಹೊಳೆಮೀನು ಇದೆ.

ಮಿಸೊ ಬಗ್ಗೆ ನಾನು ಜಾಸ್ತಿ ಹೊತ್ತು ಮಾತಾಡುತ್ತೇನೆ. ಈ ಸೀಮೆಯ ಹೆಸರಾಂತ ಹಚ್ಚೋ ಮಿಸೊ ಬರುವುದು ಒಕಾಜಾಕಿಯಿಂದ. ತೊಕುಗಾವಾ ಇಯೆಯಾಸು ಹುಟ್ಟಿದ ಕೋಟೆ ಇರುವುದೂ ಅಲ್ಲೇ. ಆ ಕೋಟೆಯಿಂದ ಎಂಟು ಚೋ, ಅಂದರೆ ಸುಮಾರು 870 ಮೀಟರ್ ದೂರದ ಹಳ್ಳಿಯಲ್ಲಿ ಮಾಡುತ್ತಿದ್ದರು, ಅದೇ ಹೆಸರಾಯಿತು. ಸೋಯಾ ಕಾಳು, ಉಪ್ಪು, ನೀರು ಇಷ್ಟೇ. ದೊಡ್ಡ ಮರದ ಪೀಪಾಯಿಯಲ್ಲಿ ಆರು ಟನ್ ಮಿಸೊ, ಅದರ ಮೇಲೆ ಮೂರು ಟನ್ ಹೊಳೆಕಲ್ಲನ್ನು ಕೈಯಲ್ಲೇ ಗೋಪುರದ ಹಾಗೆ ಪೇರಿಸುತ್ತಾರೆ. ಎರಡು ಬೇಸಿಗೆ, ಎರಡು ಚಳಿಗಾಲ ಹಾಗೇ ಬಿಡುತ್ತಾರೆ. ಉಪ್ಪಿನಕಾಯಿ ಜಾಡಿಯ ಮೇಲೆ ಕಲ್ಲು ಹೇರಿ ಗೊತ್ತಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ?

ಎರಡೂವರೆ ಹೊತ್ತಿಗೆ ನಿಲ್ದಾಣ. ಇನ್ನೂ ಏನಾದರೂ ನೋಡೋಣ ಎನ್ನುವವರು ಇರುತ್ತಾರೆ. ನಾನು ಸೇರಿಸುವುದಿಲ್ಲ. ಸಂಜೆ ಮನೆಗೆ ಹೋಗಿ ಮಗಳ ಜೊತೆ ಮಾತಾಡುವಷ್ಟು ಶಕ್ತಿ ಅವರಲ್ಲಿ ಉಳಿಯಬೇಕು.

ಆ ಮೇಷ್ಟ್ರು ಇನ್ನೊಂದು ಸಲ ಬಂದರು, ಈ ಬಾರಿ ಹೆಂಡತಿಯನ್ನೂ ಕರೆದುಕೊಂಡು. ಅವತ್ತು ದೆಂಗಾಕು ತಿನ್ನಿಸಿದೆ, ಕಾರ್ಡ್ ತೋರಿಸಿ, ಎರಡೆರಡು ಸಲ ಕೇಳಿ. ಅಮ್ಮನವರು ಹೋಗುವಾಗ ಒಂದು ಪೊಟ್ಟಣ ಹಚ್ಚೋ ಮಿಸೊ ಕೊಂಡರು. ಬದನೆಕಾಯಿಗೂ ಇದನ್ನೇ ಹಚ್ಚಿ ಸುಡುತ್ತಾರೆ ಎಂದು ನಾನು ಹೇಳಿದ್ದೆ. ಮೂರು ವಾರ ಬಿಟ್ಟು ರಾಮನಗರದಿಂದ ವಾಟ್ಸಾಪ್‌ನಲ್ಲಿ ಒಂದು ಫೋಟೋ ಬಂತು. ತಟ್ಟೆಯಲ್ಲಿ ಸೀಳಿದ ಬದನೆಕಾಯಿ, ಮೇಲೆ ಕಪ್ಪು ಮಿಸೊ, ಪಕ್ಕದಲ್ಲಿ ಮುದ್ದೆ. ಕೆಳಗೆ ಬರೆದಿದ್ದರು: "ಸ್ವಲ್ಪ ಬೆಲ್ಲ ಜಾಸ್ತಿ ಹಾಕಿದೆ. ಮೇಷ್ಟ್ರು ಇನ್ನೊಂದು ಹಾಕು ಅಂದ್ರು."